ಮೀಟಿಂಗಿನಲ್ಲಿ ಅವರೆಕಾಯಿ

ಡಿಸೆಂಬರ್ ಬಂತೆಂದರೆ ಬೆಂಗಳೂರಿನ ಹೆಂಗಸರ ಹೆಬ್ಬೆರಳಿನ ಉಗುರು ಕಪ್ಪಾಗುತ್ತದೆ. ಅದು ರೋಗವಲ್ಲ, ಅವರೆಕಾಯಿಯ ಕರೆ. ಮಾಗಡಿ ಕಡೆಯ ಕಾಯಿ ಗಾಂಧಿ ಬಜಾರಿನಲ್ಲಿ ರಾಶಿ ಬಿದ್ದ ಮೇಲೆ, ಹಿಂದಿನ ವಾರವಷ್ಟೇ ಪಾರ್ಲರಿನಲ್ಲಿ 300 ರೂಪಾಯಿ ತೆತ್ತು ಹಚ್ಚಿಸಿಕೊಂಡ ಉಗುರುಬಣ್ಣದ ನೆನಪು ಯಾರಿಗೂ ಬರುವುದಿಲ್ಲ. ಒಂದು ಕಾಯಿ ಎತ್ತಿ ಮೂಸಿ, ಸೊಗಡಿನ ಜಿಗುಟು ಬೆರಳಿಗೆ ಹತ್ತಿತೆಂದು ಖಾತ್ರಿಯಾದ ಮೇಲೆಯೇ ಚೌಕಾಸಿ ಶುರುವಾಗುತ್ತದೆ.

ಸುಲಿಯುವುದಕ್ಕೆ ನಮ್ಮ ಅತ್ತೆಯವರಿಗೆ ಜಗಲಿಯಿತ್ತು, ಸಾಲಾಗಿ ಕೂರುವ ನೆರೆಯವರಿದ್ದರು. ನಮ್ಮ ಅಪಾರ್ಟ್‌ಮೆಂಟಿನಲ್ಲಿ ಜಗಲಿಯಿಲ್ಲ, ಮೀಟಿಂಗ್ ಇದೆ. ಮನೆಯಿಂದಲೇ ಕೆಲಸ ಮಾಡುವ ದಿನ ಕ್ಯಾಮೆರಾ ಮುಚ್ಚಿ, ಮೈಕ್ ಆರಿಸಿ, ಮಡಿಲಲ್ಲಿ ಮೊರ ಇಟ್ಟುಕೊಂಡು ಕುಳಿತರೆ, ಮುಂದಿನ ಮೂರು ತಿಂಗಳ ಗುರಿಗಳ ಚರ್ಚೆ ಮುಗಿಯುವಷ್ಟರಲ್ಲಿ 2 ಕಿಲೋ ಕಾಯಿ ಸುಲಿದಾಗಿರುತ್ತದೆ. ಒಮ್ಮೆ ಮಾತ್ರ ಮೈಕ್ ಆರಿಸುವುದನ್ನು ಮರೆತೆ. “ಏನೋ ಚಟ್ ಚಟ್ ಎನ್ನುತ್ತಿದೆ, ಯಾರದೋ ನೆಟ್‌ವರ್ಕ್ ಸರಿಯಿಲ್ಲ” ಎಂದು ಮ್ಯಾನೇಜರ್ ಗೊಣಗಿದರು. ಹಾಸನದ ಸಹೋದ್ಯೋಗಿಯೊಬ್ಬಳು ಮರುಕ್ಷಣವೇ ನನಗೊಬ್ಬಳಿಗೆ ಸಂದೇಶ ಕಳಿಸಿದಳು: “ಉಪ್ಪಿಟ್ಟಿಗೋ, ಸಾರಿಗೋ?”

ಸಾರಿಗೆ ಎಂದರೆ ಕೆಲಸ ಇನ್ನೂ ಅರ್ಧ ಉಳಿದಿದೆ ಎಂದೇ ಅರ್ಥ. ಕಾಳನ್ನು ರಾತ್ರಿಯಿಡೀ ನೆನೆಹಾಕಿ, ಬೆಳಗ್ಗೆ ಒಂದೊಂದನ್ನೇ ಎರಡು ಬೆರಳ ನಡುವೆ ಒತ್ತಿ ಸಿಪ್ಪೆಯಿಂದ ಹೊರಗೆ ಹಾರಿಸಿದರೆ ಮಾತ್ರ ಅದು ಹಿತಕಿದ ಬೇಳೆ. ಬೇಳೆ ಪಾತ್ರೆಗೇ ಬೀಳಬೇಕೆಂಬ ನಿಯಮವೇನಿಲ್ಲ. ಫ್ರಿಜ್ಜಿನ ಕೆಳಗೆ, ಲ್ಯಾಪ್‌ಟಾಪಿನ ಕೀಲಿಗಳ ನಡುವೆ, ಪತ್ರಿಕೆ ಓದುತ್ತಾ ಕುಳಿತ ಯಜಮಾನರ ಕನ್ನಡಕದ ಮೇಲೆ ಕೂಡ ಬಿದ್ದಿದೆ. ಅವರು ಈ ಕೆಲಸಕ್ಕೆ ನೀಡಿರುವ ನೆರವೆಂದರೆ ಹಾಗೆ ಬಿದ್ದದ್ದನ್ನು ಎತ್ತಿಕೊಡುವುದು. (ವಿ.ವಿ. ಪುರದಲ್ಲಿ ಹೆಸರಾದ ಅವರೆ ಮೇಳದಲ್ಲಿ ಅವರೆಯ ಜಾಮೂನನ್ನು ತಿಂದು ಬಂದು, ಅದನ್ನೂ ಮನೆಯಲ್ಲಿ ಮಾಡಬಹುದಲ್ಲ ಎಂದು ಸಲಹೆ ಕೊಟ್ಟವರೂ ಅವರೇ.)

ಈಗೀಗ ಹಿತಕಿದ ಬೇಳೆಯೇ ಪ್ಯಾಕೆಟ್ಟಿನಲ್ಲಿ ಸಿಗುತ್ತದೆ. ಕಚೇರಿಗೆ ಹೋಗಲೇಬೇಕಾದ ವಾರಗಳಲ್ಲಿ ನಾನೂ ಅದನ್ನು ಕೊಂಡು, ಮನೆಯಲ್ಲಿ ಹಿತಕಿದ ಒಂದು ಹಿಡಿಯ ಜೊತೆ ಬೆರೆಸಿ, ಬಾಡಿಗೆ ಆಟೋದಲ್ಲಿ ಬಂದವಳು ಸ್ವಂತ ಕಾರಿನಲ್ಲಿ ಬಂದಂತೆ ನಟಿಸುತ್ತೇನೆ. ಹೋದ ಸಂಕ್ರಾಂತಿಗೆ ಅತ್ತೆಯವರು ವಿಡಿಯೋ ಕರೆ ಮಾಡಿ, “ಏನಮ್ಮಾ, ಬೇಳೆ ಹಿತಕಿದ್ದೋ, ತಂದದ್ದೋ?” ಎಂದು ಕೇಳಿದರು. ನಾನು ಮಾತಾಡದೆ ಕಪ್ಪಾದ ಹೆಬ್ಬೆರಳನ್ನು ಕ್ಯಾಮೆರಾದ ಮುಂದೆ ಹಿಡಿದೆ. ಪ್ಯಾಕೆಟ್ಟಿನ ಲೆಕ್ಕವನ್ನು ಉಗುರು ಹೇಳುವುದಿಲ್ಲ.