ಆ ಬಾವುಟದ ಕಥೆನೂ ಬರೀಬೇಕಿತ್ತು

ಅಮೆರಿಕದ ಕಾಲೇಜ್ ಫುಟ್‌ಬಾಲ್ ಪಂದ್ಯಕ್ಕೆ ಮುಂಚೆ ಕ್ಯಾಂಪಸ್‌ನಿಂದ್ಲೇ ಬರೋ ಟಿವಿ ಶೋ ಇಎಸ್‌ಪಿಎನ್ ಕಾಲೇಜ್ ಗೇಮ್‌ಡೇ ಬಗ್ಗೆ ನೀವು ಬರೆದಿದ್ದು ಓದಿ ತುಂಬಾ ಖುಷಿ ಆಯ್ತು ಸರ್, ಆ ಶೋದಲ್ಲಿ ಮಾತಾಡ್ತಿದ್ದ ಲೀ ಕೊರ್ಸೊ 1996ರಲ್ಲಿ ಒಹಾಯೊ ಸ್ಟೇಟ್ ಯೂನಿವರ್ಸಿಟಿಲಿ ಗೆಲ್ಲೋ ಟೀಮ್ ಯಾವ್ದು ಅಂತ ತೋರ್ಸೋಕೆ ಮೊದ್ಲ ಸಲ ಆ ಟೀಮಿನ ಮ್ಯಾಸ್ಕಾಟ್ (ಟೀಮಿನ ಗುರುತಿನ ಗೊಂಬೆ) ತಲೆ ಹಾಕ್ಕೊಂಡಿದ್ದು, 2025ರ ಆಗಸ್ಟ್‌ನಲ್ಲಿ ಅಲ್ಲೇ ವಿದಾಯ ಹೇಳಿದ್ದು ಎಲ್ಲಾ ಚೆನ್ನಾಗ್ ಬಂದಿದೆ. ಆದ್ರೆ ಆ ಬಾವುಟದ ಬಗ್ಗೆ ಒಂದ್ ಸಾಲೂ ಇಲ್ವಲ್ಲ!

ವಾಷಿಂಗ್ಟನ್ ಸ್ಟೇಟ್ ಯೂನಿವರ್ಸಿಟಿಲಿ ಓದಿದ್ದವ್ರೊಬ್ರು 2003ರಲ್ಲಿ ಟೆಕ್ಸಸ್‌ನ ಆಸ್ಟಿನ್‌ಗೆ ಶೋ ಬಂದಾಗ ತಮ್ಮ ಕಾಲೇಜಿನ ಬಾವುಟ ತಗೊಂಡ್ ಹೋಗಿ ಕ್ಯಾಮೆರಾಗೆ ಕಾಣೋ ಹಾಗೆ ಹಾರಿಸಿದ್ರು, ಆಸೆ ಇಷ್ಟೇ, ಒಂದ್ಸಲ ನಮ್ಮ ಕಾಲೇಜಿರೋ ಊರು ಪುಲ್‌ಮನ್‌ಗೂ ಬನ್ನಿ ಅಂತ. ಅಲ್ಲಿಂದಾಚೆ ಶೋ ಯಾವ ಕ್ಯಾಂಪಸ್‌ಗೆ ಹೋಗ್ಲಿ, ಬಾವುಟ ಕೊರಿಯರ್‌ನಲ್ಲಿ ಅಲ್ಲಿಗೆ ಹೋಗತ್ತೆ, ಆ ಕಡೆ ಇರೋ ಹಳೇ ವಿದ್ಯಾರ್ಥಿಗಳು ಯಾರಾದ್ರೂ ಬೆಳಗಿನ ಜಾವನೇ ಎದ್ದು ಹೋಗಿ ಬೀಸ್ತಾ ನಿಲ್ತಾರೆ, ಅಲ್ಲಿ ಆಡೋದು ಅವ್ರ ಟೀಮ್ ಅಲ್ಲ, ಆದ್ರೂನು! ಕೊನೆಗೂ ಶೋ ಪುಲ್‌ಮನ್‌ಗೆ ಬಂದಿದ್ದು 2018ರ ಅಕ್ಟೋಬರ್‌ನಲ್ಲಿ, 15 ವರ್ಷ ಆದ್ಮೇಲೆ. ಅವತ್ತು ವಾಷಿಂಗ್ಟನ್ ಸ್ಟೇಟ್‌ನವ್ರು ಒರೆಗಾನ್ ಟೀಮ್‌ನ 34-20ಕ್ಕೆ ಸೋಲಿಸಿದ್ರು ಬೇರೆ. ಟಿವಿಲಿ ಆ ಜನ ನೋಡಿ ನಂಗೆ ಕಣ್ಣು ತುಂಬಿ ಬಂತು, ನಾನು ಆ ಕಾಲೇಜಲ್ಲಿ ಓದ್ದೋನೂ ಅಲ್ಲ. ಈಗ್ಲೂ ಶನಿವಾರ ಶೋ ಶುರುವಾದ ತಕ್ಷಣ ಹಿಂದಿನ ಗುಂಪಲ್ಲಿ ಮೊದ್ಲು ಆ ಬಾವುಟನೇ ಹುಡುಕ್ತೀನಿ.