ತಿಂಗಳಿಗೆ ಎಷ್ಟು ಅಂತ ಕೇಳ್ತೀರಿ, ಒಟ್ಟು ಎಷ್ಟು ಅಂತ ಯಾಕೆ ಕೇಳಲ್ಲ?

ಭಾನುವಾರ ಕೆಟ್ಟ ತಲೆ ಇನ್ನೂ ಸರಿಹೋಗಿಲ್ಲ. ಬರೆದು ಹಾಕಿದರೆ ಹೋದೀತು ಅಂತ ಕೂತಿದ್ದೇನೆ. ಉದ್ದ ಇದೆ, ಪುರುಸೊತ್ತಿದ್ದವರು ಓದಿ.

ಅಕ್ಕನ ಮಗ ಬೆಂಗಳೂರಿನಲ್ಲಿ ಫ್ಲ್ಯಾಟ್ ನೋಡುತ್ತಿದ್ದಾನೆ. "ಮಾವ, ನೀವು ಲೆಕ್ಕದ ಮೇಷ್ಟ್ರು, ಜೊತೆಗೆ ಬನ್ನಿ" ಅಂದ. ಆ ಮಾತಿಗೆ ಉಬ್ಬಿಹೋಗಿ ಬೆಳಿಗ್ಗೆನೇ ಮಂಡ್ಯದಲ್ಲಿ ರೈಲು ಹತ್ತಿದೆ. ಕೆಂಗೇರಿ ಆಚೆ ಬಿಲ್ಡರ್ ಆಫೀಸು. ಕಟ್ಟಡ ಇನ್ನೂ ನಾಲ್ಕನೇ ಮಹಡಿಯಲ್ಲಿದೆ, ಮಾದರಿ ಮನೆ ಮಾತ್ರ ರೆಡಿ. ಟೇಬಲ್ ಮೇಲೆ ಪ್ಲಾಸ್ಟಿಕ್ ಸೇಬು. ಫ್ರಿಜ್ ಬಾಗಿಲು ತೆಗೆದು ನೋಡಿದೆ, ಒಳಗೆ ಏನೂ ಇಲ್ಲ, ವೈರೇ ಇಲ್ಲ. ಬರೀ ಡಬ್ಬ. ನನ್ನ ಹಳೇ ಚಾಳಿ, ಎಲ್ಲದರ ಬಾಗಿಲು ತೆಗೆದು ನೋಡುವುದು.

ಸೇಲ್ಸ್ ಹುಡುಗ ಒಳ್ಳೆಯವನೇ. ಕಾಫಿ ಕೊಟ್ಟ, ನನ್ನನ್ನು ಅಂಕಲ್ ಅಂದ. ಫ್ಲ್ಯಾಟ್ ಬೆಲೆ 68 ಲಕ್ಷ. ಕೈಯಿಂದ 18, ಲೋನ್ 50. ಟ್ಯಾಬ್ ತೆಗೆದು ಟಕಟಕ ಒತ್ತಿದ. "ಸರ್, 20 ವರ್ಷಕ್ಕೆ ಹಾಕಿಸಿದ್ರೆ ಇಎಂಐ 41,822. ಅದ್ಯಾಕೆ ಕಷ್ಟ, 30 ವರ್ಷಕ್ಕೆ ಹಾಕಿಸಿ, ಬರೀ 36,688." ಆ ಸಂಖ್ಯೆ ಪರದೆ ಮೇಲೆ ದಪ್ಪಕ್ಕೆ, ಹಸಿರು ಬಣ್ಣದಲ್ಲಿ. ಅದರ ಕೆಳಗೆ ಒಂದು ದುಂಡನೆಯ ಚಿತ್ರ ಇಣುಕಿತು. ಅಸಲು ಒಂದು ಬಣ್ಣ, ಬಡ್ಡಿ ಒಂದು ಬಣ್ಣ. ಬಡ್ಡಿಯ ಬಣ್ಣವೇ ಜಾಸ್ತಿ ಇತ್ತು. ನಾನು ಕನ್ನಡಕ ಸರಿಮಾಡಿಕೊಳ್ಳುವಷ್ಟರಲ್ಲಿ ಹುಡುಗ ಹೆಬ್ಬೆರಳಿನಲ್ಲಿ ಅದನ್ನು ಸರ್ರಂತ ಸರಿಸಿಬಿಟ್ಟ.

ನಮ್ಮವನು ಅದನ್ನು ಗಮನಿಸಲೂ ಇಲ್ಲ. "ಹೌದಲ್ವಾ, ಐದು ಸಾವಿರ ಉಳಿಯುತ್ತೆ" ಅಂತ ಹೆಂಡತಿ ಮುಖ ನೋಡಿದ. ಆಮೇಲೆ ಕಾರ್ ಪಾರ್ಕಿಂಗ್‌ಗೆ ಐವತ್ತು ಸಾವಿರ ಕಮ್ಮಿ ಮಾಡಿ ಅಂತ ಮುಕ್ಕಾಲು ಗಂಟೆ ಚೌಕಾಸಿ ಮಾಡಿದ. ಇಪ್ಪತ್ತೈದಕ್ಕೆ ಒಪ್ಪಿಸಿದ. ಗೆದ್ದ ಮುಖ ಮಾಡಿಕೊಂಡು ನನ್ನ ಕಡೆ ತಿರುಗಿದ.

ಒಂದೇ ಒಂದು ಸಲ, ಒಟ್ಟು ಎಷ್ಟಾಗುತ್ತೆ ಅಂತ ಕೇಳಲಿಲ್ಲ.

ಅವನೊಬ್ಬನೇ ಅಲ್ಲ. ಪಕ್ಕದ ಟೇಬಲ್ಲಿನಲ್ಲಿ ಎರಡು ಜೋಡಿ ಕೂತಿದ್ದರು. ಅವರೂ ಅದೇ. ತಿಂಗಳಿಗೆ ಎಷ್ಟು ಬೀಳುತ್ತೆ? ನನ್ನ ಸಂಬಳಕ್ಕೆ ಲೋನ್ ಎಷ್ಟು ಸಿಗುತ್ತೆ? ಇವೆರಡೇ ಪ್ರಶ್ನೆ.

ನಾನು ಆ ಕಾಫಿ ಲೋಟದ ಪಕ್ಕದಲ್ಲೇ, ಬ್ರೋಷರ್ ಹಿಂದೆ ಲೆಕ್ಕ ಬರೆದೆ. 50 ಲಕ್ಷಕ್ಕೆ 8 ಪರ್ಸೆಂಟ್. 20 ವರ್ಷ ಕಟ್ಟಿದರೆ ಒಟ್ಟು 1 ಕೋಟಿ 37 ಸಾವಿರ. ಅಂದರೆ ಒಂದು ಮನೆ ನಿಮಗೆ, ಅಷ್ಟೇ ದುಡ್ಡಿನ ಇನ್ನೊಂದು ಮನೆ ಬ್ಯಾಂಕಿಗೆ. 30 ವರ್ಷ ಕಟ್ಟಿದರೆ 1 ಕೋಟಿ 32 ಲಕ್ಷ. ತಿಂಗಳಿಗೆ ಐದು ಸಾವಿರ ಚಿಲ್ಲರೆ ಉಳಿಸಲು ಹೋಗಿ 31 ಲಕ್ಷಕ್ಕೂ ಹೆಚ್ಚು ಬಡ್ಡಿ. ಪಾರ್ಕಿಂಗ್‌ನಲ್ಲಿ ಗೆದ್ದ ಇಪ್ಪತ್ತೈದು ಸಾವಿರವನ್ನು ಇದರ ಪಕ್ಕದಲ್ಲಿ ಬರೆದು ಕೆಳಗೆ ಗೆರೆ ಎಳೆದೆ. ಅವನು ನಕ್ಕ. ಮಾವ ಸುಮ್ನಿರಿ ಅಂದ.

ಇದರಲ್ಲಿ ಬ್ಯಾಂಕಿನದು ಮೋಸ ಏನಿಲ್ಲ. ಅದನ್ನೂ ಹೇಳಿಬಿಡುತ್ತೇನೆ. ಉಳಿದ ಅಸಲಿಗೆ ತಿಂಗಳ ಬಡ್ಡಿ ಹಾಕುತ್ತಾರೆ, ಅಷ್ಟೇ. 50 ಲಕ್ಷಕ್ಕೆ ವರ್ಷಕ್ಕೆ 4 ಲಕ್ಷ ಬಡ್ಡಿ, ತಿಂಗಳಿಗೆ 33,333. ಮೂವತ್ತು ವರ್ಷದ ಸಾಲದಲ್ಲಿ ಮೊದಲ ತಿಂಗಳು ನೀವು ಕಟ್ಟುವ 36,688ರಲ್ಲಿ ಅದು ಮೊದಲು ಹೋಗುತ್ತದೆ. ಅಸಲಿಗೆ ಉಳಿಯುವುದು 3,355. ಮೊದಲ ವರ್ಷ ಪೂರ್ತಿ 4 ಲಕ್ಷ 40 ಸಾವಿರ ಕಟ್ಟಿರುತ್ತೀರಿ, ಅಸಲು 42 ಸಾವಿರವೂ ಇಳಿದಿರುವುದಿಲ್ಲ. ಸಾಲ ಅರ್ಧಕ್ಕೆ ಬರುವಾಗ 22 ವರ್ಷ ದಾಟಿರುತ್ತದೆ. ನಮ್ಮವನ ಮಗಳಿಗೆ ಈಗ ಒಂದು ವರ್ಷ. ಅವಳು ಡಿಗ್ರಿ ಮುಗಿಸಿದಾಗಲೂ ಅವಳಪ್ಪನ ಸಾಲ ಇನ್ನೂ 25 ಲಕ್ಷ.

ಇನ್ನು ಆ 68 ಲಕ್ಷ ಅನ್ನೋದೂ 68 ಅಲ್ಲ. ಕಟ್ಟುತ್ತಿರುವ ಫ್ಲ್ಯಾಟ್ ಆದ್ದರಿಂದ ಜಿಎಸ್‌ಟಿ 5 ಪರ್ಸೆಂಟ್. ರಿಜಿಸ್ಟ್ರೇಷನ್ ಶುಲ್ಕ ನಮ್ಮ ರಾಜ್ಯದಲ್ಲಿ 1 ಪರ್ಸೆಂಟ್ ಇದ್ದದ್ದು 2025ರ ಆಗಸ್ಟ್ ಕೊನೆಯಿಂದ 2 ಆಗಿದೆ. ಅದೂ ಸ್ಟಾಂಪ್ ಡ್ಯೂಟಿ, ಸೆಸ್ಸು ಎಲ್ಲ ಸೇರಿ 7.6 ಪರ್ಸೆಂಟ್. ಎರಡೂ ಕೂಡಿಸಿದರೆ ಎಂಟೂವರೆ ಲಕ್ಷ. ಇದು ಆ 50 ಲಕ್ಷದ ಸಾಲದಲ್ಲಿ ಸೇರಿಲ್ಲ, ಕೈಯಿಂದಲೇ ಹಾಕಬೇಕು. ಯಾರ ಕೈಯಿಂದ? ನಮ್ಮಕ್ಕನ ಕೈ ಬಳೆಯಿಂದ. ಆಗಲೇ ಮಾತಾಗಿದೆಯಂತೆ.

ಈಗ ನೀವು ಕೇಳುತ್ತೀರಿ, ಇಷ್ಟೆಲ್ಲ ಗೊತ್ತಿದ್ದೋನು ನೀನೇನು ಮಾಡಿದೆ ಅಂತ. ನಾನು ಮನೆ ಕಟ್ಟಿದ್ದು ನಿಮಗೆಲ್ಲ ಗೊತ್ತು. ಗೃಹಪ್ರವೇಶದ ಒಬ್ಬಟ್ಟು ತಿಂದವರು ಇಲ್ಲೇ ಎಷ್ಟು ಜನ ಇದ್ದೀರಿ.

22 ವರ್ಷದಿಂದ ಎಂಟನೇ ಕ್ಲಾಸಿಗೆ ಚಕ್ರಬಡ್ಡಿ ಪಾಠ ಮಾಡುತ್ತಿದ್ದೇನೆ. 2021ರಲ್ಲಿ 35 ಲಕ್ಷ ಸಾಲ ತೆಗೆದಾಗ ಕೂತು ಲೆಕ್ಕ ಹಾಕಿದೆನಾ? ಇಲ್ಲ. ದರ 6.75 ಅಂದರು. ಇಎಂಐ 26,613 ಅಂದರು. ಸಂಬಳದಲ್ಲಿ ಹೊಂದುತ್ತೆ ಅಂತ ಎಲ್ಲೆಲ್ಲಿ ಪೆನ್ಸಿಲ್ ಗುರುತು ಹಾಕಿದ್ದರೋ ಅಲ್ಲೆಲ್ಲ ಸಹಿ ಹಾಕಿದೆ. ಆ 35ರಲ್ಲಿ ಒಂದು ಲಕ್ಷ ಚಿಲ್ಲರೆ ಇನ್ಶೂರೆನ್ಸ್ ಪ್ರೀಮಿಯಂ ಸೇರಿತ್ತು. ಸಾಲಕ್ಕೆ ಬೇಕೇಬೇಕು ಸಾರ್ ಅಂದರು, ಹೂಂ ಅಂದೆ. ಬೇಕೇಬೇಕು ಅಂತ ಯಾವ ನಿಯಮವೂ ಇಲ್ಲ ಅಂತ ಆಮೇಲೆ ಗೊತ್ತಾಯಿತು. ಆ ಪ್ರೀಮಿಯಂಗೂ 20 ವರ್ಷ ಬಡ್ಡಿ ಕಟ್ಟುವ ಪುಣ್ಯಾತ್ಮ ನಾನು.

ಅಮ್ಮನಿಗೆ ಹೇಳಿದಾಗ ಅವಳು ಲೆಕ್ಕ ಹಾಕಿದ್ದು ಬೇರೆ ತರಹ. "ನೂರಕ್ಕೆ ಎಷ್ಟು ಬಿತ್ತು?" ಅಂದಳು. ತಿಂಗಳಿಗೆ ಐವತ್ತಾರು ಪೈಸೆ ಅಂದೆ. ನೂರಕ್ಕೆ ಮೂರು ರೂಪಾಯಿ ಬಡ್ಡಿ ಕಟ್ಟಿದ ಜೀವ. "ಧರ್ಮದ ಬಡ್ಡಿ ಕಣಪ್ಪ, ಪುಣ್ಯವಂತ ನೀನು" ಅಂದಳು.

2022ರ ಮೇ ತಿಂಗಳಲ್ಲಿ ರಿಸರ್ವ್ ಬ್ಯಾಂಕು ರೆಪೋ ದರ, ಅಂದರೆ ತಾನು ಬ್ಯಾಂಕುಗಳಿಗೆ ಕೊಡುವ ಸಾಲದ ಬಡ್ಡಿ, ಏರಿಸಲು ಶುರು ಮಾಡಿತು. 4 ಇದ್ದದ್ದು 2023ರ ಫೆಬ್ರವರಿ ಹೊತ್ತಿಗೆ 6.5. ನಮ್ಮದು ಫ್ಲೋಟಿಂಗ್ ದರ, ಅಂದರೆ ರೆಪೋ ಜೊತೆ ಏರಿಳಿಯುವುದು ತಾನೇ, 6.75 ಹೋಗಿ 9.25 ಆಯಿತು. ನನ್ನ ಇಎಂಐ ಮಾತ್ರ ಅದೇ 26,613. ನಾನು ಖುಷಿಯಾಗಿದ್ದೆ ನೋಡಿ! ಸ್ಟಾಫ್ ರೂಮಿನಲ್ಲಿ ಎಲ್ಲರೂ ಇಎಂಐ ಜಾಸ್ತಿ ಆಯ್ತು ಅಂತ ಗೋಳಾಡುವಾಗ, ನಮ್ಮ ಬ್ಯಾಂಕಿನವರು ಒಳ್ಳೆಯವರಪ್ಪ ಅಂದುಕೊಂಡಿದ್ದೆ.

ಆ ವರ್ಷ ಬೇಸಿಗೆ ರಜೆಯಲ್ಲಿ ಊರಿಗೆ ಹೋಗಿದ್ದೆ. ಅಮ್ಮ ಅವರೆಕಾಳು ಹಿತುಕುತ್ತಾ ಸುಮ್ನೆ ಕೇಳಿದಳು. "ಎರಡು ವರ್ಷ ಆಗ್ತಾ ಬಂತಲ್ಲ, ಅಸಲೆಷ್ಟು ತೀರ್ತು ಮಗ?"

ಗೊತ್ತಿರಲಿಲ್ಲ. ಮೇಷ್ಟ್ರಿಗೆ ಗೊತ್ತಿರಲಿಲ್ಲ. ರಾತ್ರಿ ಮೊಬೈಲಿನಲ್ಲಿ ಸ್ಟೇಟ್‌ಮೆಂಟ್ ತೆಗೆದೆ. ಆ ತಿಂಗಳು ಕಟ್ಟಿದ 26,613ರಲ್ಲಿ ಬಡ್ಡಿ 26,200ರ ಹತ್ತಿರ. ಅಸಲಿಗೆ ಹೋಗಿದ್ದು ನಾನೂರು ಚಿಲ್ಲರೆ. ನಮ್ಮ ಮನೆಯ ಒಂದು ವಾರದ ಹಾಲು ಮೊಸರಿನ ದುಡ್ಡು. ಹಾಗೇ ಬಿಟ್ಟರೆ ಎಷ್ಟು ವರ್ಷ ಬೇಕು ಅಂತ ಲೆಕ್ಕ ಹಾಕಿದೆ. ನಲವತ್ತೈದು. ನನಗೆ ಆಗಲೇ ನಲವತ್ತಾರು. ಇಎಂಐ ಏರಿಸದೆ ಅವಧಿಯನ್ನು ಹಿಗ್ಗಿಸಿದ್ದರು. ಒಂದು ಫೋನಿಲ್ಲ, ಕಾಗದವಿಲ್ಲ.

ಇದನ್ನು ಹೆಂಡತಿಗೆ ಹೇಳಿರಲಿಲ್ಲ. ಈ ಪೋಸ್ಟ್ ಓದಿದ ಮೇಲೆ ಗೊತ್ತಾಗುತ್ತೆ. ನೋಡೋಣ, ರಾತ್ರಿ ಊಟ ಸಿಕ್ಕರೆ ಅಪ್‌ಡೇಟ್ ಹಾಕುತ್ತೇನೆ.

ಇದು ನನ್ನೊಬ್ಬನ ಕಥೆ ಆಗಿದ್ದರೆ ಬಿಡಿ. ಜನರ ದೂರು ಜಾಸ್ತಿಯಾಗಿಯೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಇಎಂಐ ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ ಅಂತ ಸಾಲಗಾರನನ್ನು ಕೇಳಲೇಬೇಕು. ಮೂರು ತಿಂಗಳಿಗೊಮ್ಮೆ ಅಸಲೆಷ್ಟು, ಬಡ್ಡಿ ಎಷ್ಟು, ಇನ್ನೆಷ್ಟು ಕಂತು ಬಾಕಿ ಅಂತ ಪಟ್ಟಿ ಕೊಡಬೇಕು. ಆಮೇಲೆ ನಾನೂ ಹೋಗಿ ಅರ್ಜಿ ಕೊಟ್ಟು ಇಎಂಐ 32,700ಕ್ಕೆ ಏರಿಸಿಕೊಂಡು ಬಂದೆ. ಇಎಂಐ ಜಾಸ್ತಿ ಮಾಡಿ ಅಂತ ಕೇಳಿದವನನ್ನು ಕೌಂಟರ್‌ನಲ್ಲಿದ್ದಾಕೆ ಹುಚ್ಚನನ್ನು ನೋಡಿದ ಹಾಗೆ ನೋಡಿದರು.

ಇವತ್ತಿನ ಲೆಕ್ಕ ಹೇಳಲಾ? ನಾಲ್ಕೂವರೆ ವರ್ಷದಲ್ಲಿ ಕಟ್ಟಿದ್ದು 15 ಲಕ್ಷದ 60 ಸಾವಿರದ ಹತ್ತಿರ. ಅಸಲು 35ರಿಂದ 32ಕ್ಕೆ ಬಂದಿದೆ. ಮೂರೇ ಮೂರು ಲಕ್ಷ. 2025ರಲ್ಲಿ ದರ ಇಳಿಯದೇ ಹೋಗಿದ್ದರೆ ಅಷ್ಟೂ ಇಲ್ಲ. ಮನೆ ಕಟ್ಟಿ ನೋಡು ಅಂದ ಹಿರಿಯರು, ಕಟ್ಟಿದ ಮೇಲೆ ಸ್ಟೇಟ್‌ಮೆಂಟ್ ನೋಡು ಅಂತ ಹೇಳೋದು ಮರೆತರು.

ಗೊತ್ತು, ಕಾಮೆಂಟ್‌ನಲ್ಲಿ ಏನು ಬರುತ್ತದೆ ಅಂತ ಗೊತ್ತು. ಬಾಡಿಗೆ ಕಟ್ಟಿದರೆ ಆ ದುಡ್ಡು ವಾಪಸ್ ಬರುತ್ತಾ ಮೇಷ್ಟ್ರೇ? ಇಪ್ಪತ್ತು ವರ್ಷ ಆದಮೇಲೆ 41 ಸಾವಿರಕ್ಕೆ ಏನು ಬೆಲೆ ಇರುತ್ತೆ? ಜಾಗದ ರೇಟು ಏರಲ್ವಾ? ಏರುತ್ತೆ ಸ್ವಾಮಿ. ದುಡ್ಡಿನ ಬೆಲೆ ಇಳಿಯುತ್ತೆ, ಅದೂ ನಿಜ. ನಾನು ಮನೆ ತಗೋಬೇಡಿ ಅಂತ ಎಲ್ಲಿ ಹೇಳಿದೆ? ನಾನೇ ತಗೊಂಡಿದ್ದೇನೆ. ಆದರೆ ಅದೇ ಕೆಂಗೇರಿ ಆಚೆ ಅಷ್ಟೇ ದೊಡ್ಡ ಫ್ಲ್ಯಾಟಿಗೆ ನಮ್ಮವನು ಈಗ ಕೊಡುತ್ತಿರುವ ಬಾಡಿಗೆ 19 ಸಾವಿರ. ಬಾಡಿಗೆ ವಾಪಸ್ ಬರಲ್ಲ ಅಂತ ಕಣ್ಣೀರು ಹಾಕುವವರು ತಿಂಗಳಿಗೆ 33 ಸಾವಿರ ಬಡ್ಡಿ ವಾಪಸ್ ಬರುತ್ತೆ ಅಂದುಕೊಂಡಿದ್ದಾರಾ? ಮೇಲೆ ಮೇಂಟೆನೆನ್ಸ್ ಬೇರೆ, ಮನೆ ಕಂದಾಯ ಬೇರೆ. ಜಾಗದ ರೇಟು ಏರುತ್ತೆ, ಸರಿ, ಫ್ಲ್ಯಾಟಿನಲ್ಲಿ ನಿಮ್ಮ ಪಾಲಿಗೆ ಬರುವ ಜಾಗ ಎಷ್ಟು ಅಡಿ ಅಂತ ಪತ್ರದಲ್ಲಿ ಒಮ್ಮೆ ನೋಡಿ. ಗೋಡೆಗೆ ವಯಸ್ಸಾಗುತ್ತೆ.

ಆಮೇಲೆ ಈ ಟ್ಯಾಕ್ಸ್ ಉಳಿಯುತ್ತೆ ಅನ್ನೋರು. ಇವರ ಮೇಲೆ ನನಗೆ ವಿಶೇಷ ಪ್ರೀತಿ. ಹೊಸ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವಿನಾಯಿತಿಯೇ ಇಲ್ಲ. ಹಳೆಯದರಲ್ಲಿ ಇದ್ದರೂ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ. ಮೂವತ್ತು ಪರ್ಸೆಂಟ್ ತೆರಿಗೆ ಕಟ್ಟುವವನಿಗೆ 60 ಸಾವಿರ ಚಿಲ್ಲರೆ ಉಳಿಯುತ್ತದೆ. ನಾಲ್ಕು ಲಕ್ಷ ಬಡ್ಡಿ ಕಟ್ಟಿ ಅರವತ್ತು ಸಾವಿರ ಉಳಿಸಿದೆ ಅಂತ ಮೀಸೆ ತಿರುವುವುದು.

ಅಮ್ಮನ ಮಾತಿಗೆ ಬರುತ್ತೇನೆ. ಅವಳು ಓದಿದ್ದು ನಾಲ್ಕನೇ ಕ್ಲಾಸು. ಬೋರ್‌ವೆಲ್‌ಗೆ ಸಾಲ ಮಾಡಿದಾಗ ಕಬ್ಬಿನ ಬಿಲ್ಲು ಬಂದಾಗಲೆಲ್ಲ ಮೊದಲು ಅಸಲಿಗೆ ಒಂದಿಷ್ಟು ಕಟ್ಟಿ ಬರುತ್ತಿದ್ದಳು. ಆಮೇಲೆ ಬಟ್ಟೆ, ಆಮೇಲೆ ಹಬ್ಬ. ಬೆಂಗಳೂರಿನವರು ಇದಕ್ಕೆ ಪಾರ್ಟ್ ಪೇಮೆಂಟ್ ಅನ್ನುತ್ತಾರೆ, ಯೂಟ್ಯೂಬಿನಲ್ಲಿ ಇಪ್ಪತ್ತು ನಿಮಿಷ ವಿವರಿಸುತ್ತಾರೆ. ಆ 50 ಲಕ್ಷದ 20 ವರ್ಷದ ಸಾಲಕ್ಕೆ ಮೊದಲ ವರ್ಷದ ಕೊನೆಗೆ ಒಂದೇ ಒಂದು ಲಕ್ಷ ಜಾಸ್ತಿ ಕಟ್ಟಿದರೆ ಮುಂದೆ ಮೂರು ಲಕ್ಷ ಚಿಲ್ಲರೆ ಬಡ್ಡಿ ಉಳಿಯುತ್ತದೆ. ಹದಿನೈದನೇ ವರ್ಷದಲ್ಲಿ ಕಟ್ಟಿದರೆ ಇಷ್ಟು ಉಳಿಯಲ್ಲ, ಮೊದಲೇ ಕಟ್ಟಬೇಕು. ಫ್ಲೋಟಿಂಗ್ ದರದ ಗೃಹಸಾಲಕ್ಕೆ ಹೀಗೆ ಮೊದಲೇ ಕಟ್ಟಿದರೆ ದಂಡ ಹಾಕುವ ಹಾಗಿಲ್ಲ ಅಂತ ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ 2012ರಲ್ಲೇ ಹೇಳಿದೆ. ಕಟ್ಟುವಾಗ ಇಎಂಐ ಇಳಿಸಬೇಡಿ, ಅವಧಿ ಇಳಿಸಿ ಅಂತ ಬರೆದುಕೊಡಿ. ಬಾಯಲ್ಲಿ ಹೇಳಬೇಡಿ. ನಾನು ಬಾಯಲ್ಲಿ ಹೇಳಿ ಕೆಟ್ಟಿದ್ದೇನೆ.

ಇನ್ನೊಂದು. 2024ರ ಅಕ್ಟೋಬರ್‌ನಿಂದ ಹೊಸ ಸಾಲ ಕೊಡುವಾಗ ಎಲ್ಲ ಖರ್ಚು ಸೇರಿಸಿದ ನಿಜವಾದ ವಾರ್ಷಿಕ ದರ, ಕಂತಿನ ಪೂರ್ತಿ ಪಟ್ಟಿ ಇರುವ ಕಾಗದ ಕೊಡಲೇಬೇಕು. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ. ಕೆಎಫ್‌ಎಸ್ (ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್) ಅನ್ನುತ್ತಾರೆ ಅದಕ್ಕೆ. ಕನ್ನಡದಲ್ಲೇ ಕೊಡಿ ಅಂತ ಕೇಳಿ, ನಾಚಿಕೆ ಯಾಕೆ? ಆಟೋದವರ ಹತ್ತಿರ, ಮೆಟ್ರೋ ಬೋರ್ಡಿನ ಹತ್ತಿರ ತೋರಿಸುವ ಕನ್ನಡಾಭಿಮಾನವನ್ನು ಸ್ವಲ್ಪ ಅಲ್ಲೂ ತೋರಿಸಿ.

ವಾಪಸ್ ಬರುವಾಗ ಕೆಂಗೇರಿ ಸ್ಟೇಷನ್ನಿನಲ್ಲಿ ನಮ್ಮವನಿಗೆ ಇಷ್ಟನ್ನೂ ಹೇಳಿದೆ. ಬ್ರೋಷರ್ ಹಿಂದಿನ ಲೆಕ್ಕ ಮತ್ತೆ ತೋರಿಸಿದೆ. 18 ಲಕ್ಷ ಕೈಯಿಂದ, ಎಂಟೂವರೆ ಲಕ್ಷ ಸರ್ಕಾರಕ್ಕೆ, 1 ಕೋಟಿ 32 ಬ್ಯಾಂಕಿಗೆ. ನಿನ್ನ 68 ಲಕ್ಷದ ಫ್ಲ್ಯಾಟು 1 ಕೋಟಿ 58 ಲಕ್ಷ ಕಣೋ ಅಂದೆ. ಇಪ್ಪತ್ತು ವರ್ಷಕ್ಕೆ ಹಾಕಿಸು, ಇಲ್ಲಾ ಎರಡು ವರ್ಷ ತಡಿ, ಕೈಯಲ್ಲಿ ಇನ್ನೊಂದಿಷ್ಟು ಸೇರಲಿ, ಅಮ್ಮನ ಬಳೆ ಮುಟ್ಟಬೇಡ ಅಂದೆ. ತುಂಬಾ ಹೊತ್ತು ತಲೆಯಾಡಿಸಿದ. ಯೋಚನೆ ಮಾಡ್ತೀನಿ ಮಾವ ಅಂದ. ಹೆಂಡತಿ ಆ ಕಾಗದವನ್ನು ಇಸ್ಕೊಂಡು ಬ್ಯಾಗಿಗೆ ಹಾಕಿಕೊಂಡಳು. ಅವಳೇ ಸ್ವಲ್ಪ ಹೊತ್ತು ಓದುತ್ತಾ ನಿಂತಿದ್ದು.

ಇದನ್ನೆಲ್ಲ ಬರೆದು ಮುಗಿಸುವಷ್ಟರಲ್ಲಿ ಅವನದೇ ವಾಟ್ಸಾಪ್ ಬಂತು. ದೇವರ ಮನೆ ಬಾಗಿಲಿನ ಎರಡು ಫೋಟೋ. ಒಂದಕ್ಕೆ ಗಂಟೆ ಇದೆ, ಒಂದಕ್ಕೆ ಇಲ್ಲ. "ಮಾವ, ಯಾವುದು ಚೆನ್ನಾಗಿದೆ?"

ಗಂಟೆ ಇರೋದು ಅಂತ ಹಾಕಿದ್ದೇನೆ.