ಯುದ್ಧದ ನಡುವೆಯೂ ಮಕ್ಕಳು ಆಡ್ತಾರೆ

ಯುದ್ಧ ನಡೆಯುವ ದೇಶದಲ್ಲಿ ಬಾಲ್ಯ ಅನ್ನೋದೇ ಇರುವುದಿಲ್ಲ ಅಂತ ಲೇಖನದಲ್ಲಿ ಬರೆದಿದ್ದೀರಿ. ನಾನು ಇದನ್ನು ಪೂರ್ತಿ ಒಪ್ಪುವುದಿಲ್ಲ. ಬಾಲ್ಯ ಇರುತ್ತದೆ, ಸಂಕಟ ಇರೋದೇ ಅಲ್ಲಿ.

ಬೋಸ್ನಿಯಾದ ಸರಾಯೆವೊ ನಗರವನ್ನೇ ನೋಡಿ. 1992ರ ಏಪ್ರಿಲ್‌ನಿಂದ 1996ರ ಫೆಬ್ರವರಿವರೆಗೆ ಊರಿಗೆ ಮುತ್ತಿಗೆ. ಸುತ್ತಲಿನ ಗುಡ್ಡಗಳಿಂದ ಶೆಲ್, ಸ್ನೈಪರ್ ಗುಂಡು. ಕರೆಂಟ್ ಇಲ್ಲ, ನಲ್ಲಿಯಲ್ಲಿ ನೀರಿಲ್ಲ. ಒಡೆದ ಕಿಟಕಿಗೆ ಗಾಜಿನ ಬದಲು ವಿಶ್ವಸಂಸ್ಥೆ ಕೊಟ್ಟ ಪ್ಲಾಸ್ಟಿಕ್ ಹಾಳೆ. ಬಿಯರ್ ಕಾರ್ಖಾನೆಯ ಬುಗ್ಗೆಯಲ್ಲಿ ನೀರು ಸಿಗುತ್ತಿತ್ತು, ಮಕ್ಕಳೂ ಕ್ಯಾನ್ ಹಿಡಿದು ಸಾಲಿನಲ್ಲಿ ನಿಲ್ಲುತ್ತಿದ್ದರು. ಆ ಸಾಲಿನ ಮೇಲೂ ಶೆಲ್ ಬಿದ್ದಿದೆ. ಪಾಠ ನಡೆಯುತ್ತಿದ್ದದ್ದು ನೆಲಮಾಳಿಗೆಯಲ್ಲಿ, ಅಪಾರ್ಟ್‌ಮೆಂಟಿನ ಮೆಟ್ಟಿಲ ಹತ್ತಿರ. ಇಷ್ಟರ ನಡುವೆ ಹುಡುಗರು ಶೆಲ್ ಚೂರುಗಳನ್ನು ಆರಿಸಿ ಕೂಡಿಡುತ್ತಿದ್ದರು, ನಿನ್ನದು ನನಗೆ ನನ್ನದು ನಿನಗೆ ಅಂತ ಬದಲಾಯಿಸಿಕೊಳ್ಳುತ್ತಿದ್ದರು. ಕೈಗೆ ಸಿಕ್ಕಿದ್ದು ಅದೇ, ಇನ್ನೇನು ಮಾಡ್ತಾರೆ ಹೇಳಿ.

1994ರ ಜನವರಿ 22ರಂದು ಹಿಮದಲ್ಲಿ ಜಾರಾಟ ಆಡಲು ಹೊರಗೆ ಬಂದಿದ್ದ ಮಕ್ಕಳ ನಡುವೆ ಶೆಲ್ ಬಿತ್ತು. ಆರು ಮಕ್ಕಳು ಸತ್ತರು. ಯಾಕೆ ಹೊರಗೆ ಬಿಟ್ಟರು ಅಂತ ಸುಮ್ನೆ ಕೇಳಿಬಿಡಬಹುದು. ಆದರೆ ವರ್ಷಗಟ್ಟಲೆ ಮಕ್ಕಳನ್ನು ಒಳಗೇ ಕೂಡಿಹಾಕೋಕೆ ಯಾವ ತಾಯಿಗೆ ಆಗುತ್ತೆ?

ಯುದ್ಧಕಾಲದ ಬಾಲ್ಯಕ್ಕೆಂದೇ 2017ರಲ್ಲಿ ಅಲ್ಲೊಂದು ಮ್ಯೂಸಿಯಂ ಶುರುವಾಯಿತು. ಆಟಿಕೆ, ಡೈರಿ, ಬಟ್ಟೆ, ಜೊತೆಗೆ ಅವನ್ನು ಕೊಟ್ಟವರದೇ ಮಾತು. ಇಂಥ ಲೇಖನಗಳಲ್ಲಿ ಮಕ್ಕಳ ಬಗ್ಗೆ ದೊಡ್ಡವರು ಮಾತಾಡೋದೇ ಜಾಸ್ತಿ ಅಲ್ವಾ? ಮುಂದಿನ ಭಾಗ ಬರೆಯುವುದಾದರೆ, ಆಗ ಮಕ್ಕಳಾಗಿದ್ದವರು ಹೇಳಿದ್ದನ್ನೂ ದಯವಿಟ್ಟು ಸೇರಿಸಿ.